ಅಭಿವೃದ್ಧಿಯ ವೆಚ್ಚವನ್ನು ತೆತ್ತವರಾರು?

ಬಡ ರಾಷ್ಟ್ರಗಳು ಸಂಪನ್ನವಾಗುವ ಮಾರ್ಗವಾವುದೆಂಬ ಪ್ರಶ್ನೆಗೆ ಕಳೆದ ಮುಕ್ಕಾಲು ಶತಮಾನದಲ್ಲಿ ಅರ್ಥಶಾಸ್ತ್ರಜ್ಞರು ಕೊಟ್ಟಿರುವ ಉತ್ತರಗಳು ಒಂದೆರಡಲ್ಲ. ಮೊದಲು ಮೂಲಧನವನ್ನು ಕೂಡಿಸಬೇಕೆಂದು ಕೆಲವರು, ವಿದೇಶೀ ವ್ಯಾಪಾರಕ್ಕೆ ಬಾಗಿಲು ತೆರೆಯಬೇಕೆಂದು ಕೆಲವರು, ಮುಚ್ಚಬೇಕೆಂದು ಮತ್ತೆ ಕೆಲವರು ವಾದಿಸಿರುವರು. ಈ ವಾದಗಳ ಗದ್ದಲದಲ್ಲಿ ಒಂದು ಸರಳವಾದ ಪ್ರಶ್ನೆಯು ಮರೆತುಹೋಗುತ್ತದೆ. ಅಭಿವೃದ್ಧಿಯ ವೆಚ್ಚವನ್ನು ತೆರುವವರು ಯಾರು? ಅವರ ಒಪ್ಪಿಗೆಯನ್ನು ಕೇಳಿದವರು ಯಾರು? ಪಶ್ಚಿಮ ಆಫ್ರಿಕದ ಘಾನಾ ದೇಶದ ಚರಿತ್ರೆಯು ಈ ಪ್ರಶ್ನೆಗೆ ಕೊಡುವ ಉತ್ತರವು ನಮ್ಮ ವಾಚಕರ ಪರ್ಯಾಲೋಚನೆಗೆ ಅರ್ಹವಾಗಿದೆ.

2022ನೆಯ ಇಸವಿಯ ಡಿಸೆಂಬರಿನಲ್ಲಿ ಘಾನಾ ಸರಕಾರವು ತನ್ನ ವಿದೇಶೀ ಸಾಲದ ಬಹುಭಾಗದ ಮರುಪಾವತಿಯನ್ನು ನಿಲ್ಲಿಸಿತು. 2023ರ ಮೇ ತಿಂಗಳಲ್ಲಿ ಅಂತರರಾಷ್ಟ್ರೀಯ ಹಣಕಾಸು ನಿಧಿಯು ಮೂರು ವರ್ಷಗಳ ಅವಧಿಗೆ 300 ಕೋಟಿ ಡಾಲರುಗಳ ನೆರವನ್ನು ಷರತ್ತುಗಳೊಡನೆ ಮಂಜೂರು ಮಾಡಿತು. ಮರುವರ್ಷ, ಅಂದರೆ 2024ರಲ್ಲಿ, ಆ ದೇಶದ ಮುಖ್ಯ ಬೆಳೆಯಾದ ಕೋಕೋವಿನ ಬೆಲೆಯು ಲೋಕದ ಪೇಟೆಯಲ್ಲಿ ಟನ್ನಿಗೆ 10,000 ಡಾಲರುಗಳನ್ನು ಮೀರಿ ಹಿಂದೆಂದೂ ಕಾಣದ ಎತ್ತರಕ್ಕೇರಿತು. ಸಾಲಗಾರನ ಮನೆಗೆ ಲಕ್ಷ್ಮಿಯು ತಾನಾಗಿ ನಡೆದುಬಂದಳೆಂದು ದೂರದಿಂದ ನೋಡುವವರಿಗೆ ತೋರಿರಬಹುದು. ಆದರೆ ಸರಕಾರದ ಕೋಕೋ ಮಂಡಲಿಯು ಬೆಳೆಯ ಬಹುಭಾಗವನ್ನು ಮುಂಚಿತವಾಗಿಯೇ ಕಡಿಮೆ ದರಕ್ಕೆ ಮಾರಿಬಿಟ್ಟಿತ್ತು. ತೋಟಗಳಾದರೋ ಮುಪ್ಪಿನಿಂದಲೂ ರೋಗದಿಂದಲೂ ಚಿನ್ನದ ಅಕ್ರಮ ಗಣಿಗಳ ಹಾವಳಿಯಿಂದಲೂ ಸೊರಗಿದ್ದುವು. ಇದು ಒಂದು ವರ್ಷದ ದುರದೃಷ್ಟವಲ್ಲ. ಇದರ ಬೇರು ಬಹಳ ಆಳದಲ್ಲಿದೆ.

ಘಾನಾವು ಗೋಲ್ಡ್ ಕೋಸ್ಟ್ ಎಂಬ ಬ್ರಿಟಿಷ್ ವಸಾಹತಾಗಿದ್ದಾಗ ಅಲ್ಲಿಯ ಕೋಕೋ ತೋಟಗಳನ್ನು ಎಬ್ಬಿಸಿದವರು ಬಿಳಿಯ ತೋಟಗಾರರಲ್ಲ, ಆ ನೆಲದ ರೈತರೇ. ಅವರಲ್ಲಿ ಸಾಹಸಕ್ಕಾಗಲಿ ಒಕ್ಕಟ್ಟಿಗಾಗಲಿ ಕೊರತೆಯಿರಲಿಲ್ಲ. 1937ರಲ್ಲಿ ಯುರೋಪಿನ ವ್ಯಾಪಾರ ಕಂಪನಿಗಳು ತಮ್ಮೊಳಗೆ ಒಪ್ಪಂದ ಮಾಡಿಕೊಂಡು ಬೆಲೆಯನ್ನು ತಗ್ಗಿಸಲು ಹವಣಿಸಿದಾಗ, ಆ ರೈತರು ಕೋಕೋವನ್ನು ಮಾರಲು ನಿರಾಕರಿಸಿದರು. ವಿದೇಶೀ ಸರಕುಗಳನ್ನು ಬಹಿಷ್ಕರಿಸಿದರು. 1938ರ ಏಪ್ರಿಲಿನವರೆಗೆ ಹಿಡಿದ ಪಟ್ಟನ್ನು ಬಿಡಲಿಲ್ಲ. ಅಸಹಕಾರವೆಂದರೇನೆಂಬುದನ್ನು ಬಲ್ಲ ನಮ್ಮ ಜನರಿಗೆ ಈ ಹೋರಾಟದ ಬೆಲೆಯನ್ನು ವಿವರಿಸಬೇಕಾಗಿಲ್ಲ.

ಯುದ್ಧಕಾಲದಲ್ಲಿ ಬ್ರಿಟಿಷ್ ಸರಕಾರವೇ ಕೋಕೋವಿನ ಏಕೈಕ ಗ್ರಾಹಕನಾಯಿತು. 1947ರಲ್ಲಿ ಆ ಅಧಿಕಾರವು ಕೋಕೋ ಮಾರಾಟ ಮಂಡಲಿಗೆ ಬಂತು. ಬೆಲೆ ಏರಿದ ವರ್ಷ ಒಂದಿಷ್ಟು ಹಣವನ್ನು ಹಿಡಿದಿಟ್ಟು ಇಳಿದ ವರ್ಷ ರೈತನಿಗೆ ಆಸರೆಯಾಗುವುದು ಮಂಡಲಿಯ ಘೋಷಿತ ಧ್ಯೇಯವಾಗಿತ್ತು. ನಡೆದದ್ದೇನೆಂದರೆ, ಹಿಡಿದಿಟ್ಟ ಹಣವು ಲಂಡನ್ನಿನಲ್ಲಿ ಬ್ರಿಟಿಷ್ ಸರಕಾರದ ಸಾಲಪತ್ರಗಳಾಗಿ ಕುಳಿತಿತು. ಬಡ ರೈತನು ತಾನರಿಯದೆಯೇ ಸಾಮ್ರಾಜ್ಯಕ್ಕೆ ಸಾಲಕೊಟ್ಟ ಸಾಹುಕಾರನಾದನು!

ಸ್ವರಾಜ್ಯವು ಸಮೀಪಿಸಿದಾಗ ಈ ಅನ್ಯಾಯವು ತೊಲಗುವುದೆಂದು ರೈತನು ನಂಬಿದ್ದುದರಲ್ಲಿ ಆಶ್ಚರ್ಯವಿಲ್ಲ. ಆದರೆ 1954ರಲ್ಲಿ, ಲೋಕದ ಪೇಟೆಯಲ್ಲಿ ಬೆಲೆಯು ಮೇಲಿದ್ದಾಗಲೇ, ಕ್ವಾಮೆ ಎನ್‌ಕ್ರೂಮಾ ಅವರ ಸರಕಾರವು ರೈತನಿಗೆ ಕೊಡತಕ್ಕ ಬೆಲೆಯನ್ನು 60 ಪೌಂಡು ತೂಕದ ಹೊರೆಗೆ 72 ಷಿಲಿಂಗುಗಳಂತೆ ನಾಲ್ಕು ವರ್ಷಗಳ ಕಾಲಕ್ಕೆ ಕಟ್ಟಿಹಾಕಿ ಶಾಸನ ಮಾಡಿತು. ಮಿಕ್ಕ ಹಣವು ದೇಶದ ಅಭಿವೃದ್ಧಿಗೆಂದು ಸಾರಿತು. ಕೋಕೋ ಸೀಮೆಯಾದ ಅಶಾಂತಿಯಲ್ಲಿ ಅಸಮಾಧಾನವು ಹೊತ್ತಿಕೊಂಡು, ಅದೇ ವರ್ಷದ ಸೆಪ್ಟೆಂಬರಿನಲ್ಲಿ ಕುಮಾಸಿ ನಗರದಲ್ಲಿ ಒಂದು ಪ್ರಬಲ ವಿರೋಧ ಪಕ್ಷವು ಜನ್ಮತಾಳಿತು.

ಎನ್‌ಕ್ರೂಮಾ ಅವರು ಸ್ವಾರ್ಥಕ್ಕಾಗಿ ಹೀಗೆ ಮಾಡಿದರೆಂದು ನಾವು ಹೇಳುವುದಿಲ್ಲ. ಶಾಲೆಗಳನ್ನೂ ರಸ್ತೆಗಳನ್ನೂ ತೆಮಾ ಬಂದರನ್ನೂ ಅವರ ಆಡಳಿತವು ಕಟ್ಟಿತು. 1957ರ ಮಾರ್ಚ್ 6ರಂದು ಸ್ವತಂತ್ರವಾದ ಘಾನಾವು ಆಫ್ರಿಕಕ್ಕೆಲ್ಲ ಆಶಾಜ್ಯೋತಿಯಾಗಿತ್ತು. ಆದರೆ ಅವರಿಗೆ ಸಲಹೆಯಿತ್ತ ವಿದ್ವಾಂಸರ ಮಾತನ್ನಾದರೂ ಅವರು ಮನಸ್ಸಿಗೆ ತಂದುಕೊಳ್ಳಬೇಕಾಗಿತ್ತು. ಸೇಂಟ್ ಲೂಸಿಯಾ ದ್ವೀಪದಲ್ಲಿ ಹುಟ್ಟಿ 1979ರಲ್ಲಿ ನೊಬೆಲ್ ಪಾರಿತೋಷಕವನ್ನು ಪಡೆದ ಆರ್ಥರ್ ಲೂಯಿಸ್ ಅವರು 1953ರಲ್ಲಿಯೇ ಆ ದೇಶದ ಕೈಗಾರಿಕೆಗಳನ್ನು ಕುರಿತು ವರದಿಯೊಂದನ್ನು ಒಪ್ಪಿಸಿದ್ದರು. ಕೈಗಾರಿಕೆಗೂ ಮುಂಚೆ ಆಹಾರಬೆಳೆಯ ಇಳುವರಿಯನ್ನು ಹೆಚ್ಚಿಸುವುದೇ ಪ್ರಥಮ ಕರ್ತವ್ಯವೆಂಬುದು ಆ ವರದಿಯ ಸಾರ. ಮರುವರ್ಷದ ಅವರ ಪ್ರಸಿದ್ಧ ಪ್ರಬಂಧವು, ಹೊಲದಲ್ಲಿ ಮಿಕ್ಕಿರುವ ದುಡಿಮೆಗಾರರು ಕಾರ್ಖಾನೆಗೆ ಬಂದರೆ ದೇಶವು ಬೆಳೆಯುವುದೆಂಬ ಸಿದ್ಧಾಂತಕ್ಕಾಗಿ ಹೆಸರಾಯಿತು. ಅದೇ ಪ್ರಬಂಧದಲ್ಲಿ ಇನ್ನೊಂದು ಮಾತೂ ಇದೆ: ಉಷ್ಣದೇಶಗಳ ರೈತನ ಆಹಾರದ ಹೊಲವು ಬಡವಾಗಿರುವವರೆಗೆ ಅವನು ಹೊರದೇಶಕ್ಕೆ ಮಾರುವ ಬೆಳೆಯೂ ಅಗ್ಗವಾಗಿಯೇ ಇರುವುದು. ರಾಜಕಾರಣಿಗಳು ಮೊದಲ ಮಾತನ್ನು ಹಿಡಿದು ಎರಡನೆಯದನ್ನು ಕೈಬಿಟ್ಟರು. 1957-58ರಲ್ಲಿ ಆರ್ಥಿಕ ಸಲಹೆಗಾರರಾಗಿದ್ದ ಲೂಯಿಸ್ ಅವರು ಭಿನ್ನಾಭಿಪ್ರಾಯದಿಂದ ಆ ದೇಶವನ್ನು ಬಿಟ್ಟು ನಡೆದರು.

ಆ ಕಾಲದ ಮಹತ್ಕಾರ್ಯವೆಂದರೆ ವೋಲ್ಟಾ ನದಿಗೆ ಅಕೊಸೊಂಬೊದಲ್ಲಿ ಕಟ್ಟಿದ ಅಣೆಕಟ್ಟು. ಅದರ ಜಲಾಶಯಕ್ಕಾಗಿ ಸುಮಾರು 80,000 ಜನರು ಮನೆಮಾರುಗಳನ್ನು ಬಿಟ್ಟು ಎದ್ದರು. ವಿದ್ಯುತ್ತಿನ ಸಿಂಹಪಾಲು ಅತ್ಯಲ್ಪ ದರಕ್ಕೆ ಅಮೆರಿಕದ ಕೈಸರ್ ಕಂಪನಿಯ ಅಲ್ಯೂಮಿನಿಯಂ ಕಾರ್ಖಾನೆಗೆ ಹೋಯಿತು. ಘಾನಾದ ನೆಲದಲ್ಲಿಯೇ ಬಾಕ್ಸೈಟ್ ಅದಿರು ಇದ್ದರೂ ಕಾರ್ಖಾನೆಗೆ ಬೇಕಾದ ಅಲ್ಯೂಮಿನಾ ಹಡಗಿನಲ್ಲಿ ಹೊರದೇಶದಿಂದ ಬಂತು. ಹಿತ್ತಲ ಗಿಡ ಮದ್ದಲ್ಲವೆಂಬ ನಮ್ಮ ಗಾದೆಗೆ ಇದಕ್ಕಿಂತ ದುಬಾರಿಯಾದ ದೃಷ್ಟಾಂತವು ಸಿಕ್ಕಲಾರದು. 1966ರ ಜನವರಿ 22ರಂದು ಅಣೆಕಟ್ಟಿನ ಪ್ರಾರಂಭೋತ್ಸವವಾಯಿತು. ಫೆಬ್ರವರಿ 24ರಂದು, ಎನ್‌ಕ್ರೂಮಾ ಅವರು ವಿದೇಶದಲ್ಲಿದ್ದಾಗ, ಸೈನ್ಯವು ಅವರ ಸರಕಾರವನ್ನು ಉರುಳಿಸಿತು.

ಸರಕಾರಗಳು ಬದಲಾದರೂ ರೈತನಿಂದ ಕಸಿಯುವ ರೂಢಿಯು ಬದಲಾಗಲಿಲ್ಲ. ಸರಕಾರದ ಬೆಲೆಯು ಗಿಟ್ಟದೆ ರೈತರು ಕೋಕೋವನ್ನು ಗಡಿದಾಟಿಸಿ ನೆರೆಯ ಐವರಿ ಕೋಸ್ಟಿನಲ್ಲಿ ಮಾರಿದರು; ಹಳೆಯ ಗಿಡಗಳನ್ನು ಕಿತ್ತು ಹೊಸದನ್ನು ನೆಡುವ ಉತ್ಸಾಹವು ಉಳಿಯಲಿಲ್ಲ. 1964-65ರಲ್ಲಿ ಐದೂವರೆ ಲಕ್ಷ ಟನ್ನುಗಳನ್ನು ಮೀರಿದ್ದ ಬೆಳೆಯು 1983-84ರಲ್ಲಿ ಸುಮಾರು 1,60,000 ಟನ್ನುಗಳಿಗೆ ಇಳಿಯಿತು. ಅನಾವೃಷ್ಟಿಯೂ ಕಾಳ್ಗಿಚ್ಚೂ ಆ ವರ್ಷದ ಹಾನಿಯನ್ನು ಹೆಚ್ಚಿಸಿದುವು, ನಿಜ. ಆದರೆ ಕ್ಷಾಮಕ್ಕೆ ಮೊದಲೇ ಆಡಳಿತವು ತೋಟವನ್ನು ಒಣಗಿಸಿತ್ತು.

ರೈತನಿಂದ ತೆಗೆದುಕೊಳ್ಳದೆ ಬಡದೇಶವು ಮೂಲಧನವನ್ನು ಎಲ್ಲಿಂದ ತರಬೇಕು ಎಂದು ಕೇಳುವವರುಂಟು. ಪ್ರಶ್ನೆಯು ನ್ಯಾಯವಾದುದೇ. ತೈವಾನ್ ದ್ವೀಪದ ಸರಕಾರವೂ ಗೊಬ್ಬರವನ್ನು ಕೊಟ್ಟು ಅಕ್ಕಿಯನ್ನು ಪಡೆಯುವ ನೆವದಲ್ಲಿ ರೈತನಿಂದ ಹೇರಳವಾಗಿ ತೆಗೆದುಕೊಂಡಿತು. ಆದರೆ 1949ರಿಂದ 1953ರ ವರೆಗಿನ ಸುಧಾರಣೆಗಳಿಂದ ಗೇಣಿಯನ್ನು ಇಳಿಸಿ ಉಳುವವನಿಗೆ ಭೂಮಿಯನ್ನು ಕೊಟ್ಟಿತು. ನೀರಾವರಿಯನ್ನೂ ಬೀಜವನ್ನೂ ಒದಗಿಸಿತು. ಇಳುವರಿ ಏರುತ್ತ ಹೋಯಿತು. ಮಹಾಭಾರತದ ಶಾಂತಿಪರ್ವದಲ್ಲಿ ಭೀಷ್ಮನು ಧರ್ಮರಾಜನಿಗೆ ಬೋಧಿಸುವುದೂ ಇದೇ ನೀತಿಯನ್ನು: ಅರಸನು ಕರುವಿನ ಪಾಲನ್ನು ಬಿಟ್ಟು ಹಸುವನ್ನು ಕರೆಯತಕ್ಕದ್ದು. ತೆಗೆದುಕೊಂಡದ್ದು ದೋಷವಲ್ಲ, ಮರಳಿ ಕೊಡದೆ ಹೋದದ್ದು ದೋಷ.

ಹಾಗೆಂದು ಎಲ್ಲವನ್ನೂ ಪೇಟೆಯ ಕೈಗೆ ಒಪ್ಪಿಸಿದರೆ ಕಾರ್ಯಸಿದ್ಧಿಯಾಗುವುದೆಂದು ನಾವು ನಂಬುವುದಿಲ್ಲ. 1983ರಿಂದ ಘಾನಾವು ಹಣಕಾಸು ನಿಧಿಯ ಉಪದೇಶವನ್ನು ಅನುಸರಿಸಿ ರೈತನ ಬೆಲೆಯನ್ನು ಏರಿಸಿತು, ಬೆಳೆಯೂ ಚೇತರಿಸಿತು. ಆದರೂ ಕಚ್ಚಾಮಾಲನ್ನು ಮಾರುವ ದೇಶವಾಗಿಯೇ ಉಳಿಯಿತು. ಅಂತಹ ದೇಶಗಳು ಬರುಬರುತ್ತ ವ್ಯಾಪಾರದಲ್ಲಿ ಸೋಲುವುವೆಂದು 1950ರಲ್ಲಿ ಪ್ರೆಬಿಷ್ ಮತ್ತು ಸಿಂಗರ್ ಎಂಬ ಪಂಡಿತರು ಎಚ್ಚರಿಸಿದ್ದರು. 2019ರಲ್ಲಿ ಘಾನಾ ಮತ್ತು ಐವರಿ ಕೋಸ್ಟ್ ಒಂದಾಗಿ, ರೈತನ ಜೀವನಕ್ಕೆಂದು ಟನ್ನಿಗೆ 400 ಡಾಲರುಗಳನ್ನು ಹೆಚ್ಚಾಗಿ ಕೊಡಬೇಕೆಂದು ವಿಧಿಸಿದುವು. ಲೋಕದ ಕೋಕೋವಿನಲ್ಲಿ ಅರ್ಧಕ್ಕಿಂತ ಹೆಚ್ಚನ್ನು ಬೆಳೆಯುವ ಈ ಎರಡು ದೇಶಗಳ ಐಕ್ಯವು ಶ್ಲಾಘ್ಯ. ಆದರೆ ಗುಣಕ್ಕಾಗಿ ಕೊಡುತ್ತಿದ್ದ ಬೇರೆ ಅಧಿಕ ಬೆಲೆಯನ್ನು ಕಡಿತಮಾಡಿ ಕೊಳ್ಳುವವರು ಅದರ ಫಲವನ್ನು ಬಹುಮಟ್ಟಿಗೆ ಅಳಿಸಿದರು. ಕಾರ್ಖಾನೆಯು ಯಾರ ಕೈಯಲ್ಲಿರುವುದೋ ಬೆಲೆಯ ಮಾತೂ ಅವರದೇ.

ಇದೇ ಕೋಕೋವನ್ನು ನಮ್ಮ ದಕ್ಷಿಣ ಕನ್ನಡದ ರೈತರೂ ಅಡಕೆಯ ತೋಟಗಳ ನೆರಳಿನಲ್ಲಿ ಬೆಳೆಯುತ್ತಾರೆ. 1980ರ ಸುಮಾರಿಗೆ ಬೆಲೆ ಕುಸಿದು ಖಾಸಗಿ ಖರೀದಿಯು ಹಿಂಜರಿದಾಗ, ಬೆಳೆಗಾರರ ಸಹಕಾರ ಸಂಘವಾದ ಕ್ಯಾಂಪ್ಕೊ ಮುಂದೆಬಂದು ಕೋಕೋವನ್ನು ಕೊಂಡಿತು. 1986ರಲ್ಲಿ ಪುತ್ತೂರಿನಲ್ಲಿ ಚಾಕೊಲೇಟಿನ ಕಾರ್ಖಾನೆಯನ್ನೇ ಸ್ಥಾಪಿಸಿತು. ಘಾನಾದ ಬೆಳೆಯ ಮುಂದೆ ನಮ್ಮದು ಅತ್ಯಲ್ಪ. ದೊಡ್ಡ ದೇಶೀಯ ಪೇಟೆಯ ಅನುಕೂಲವೂ ನಮಗುಂಟು. ಆದರೂ ಬೆಳೆದವನೇ ಮಾರುವವನೂ ಪಾಕಮಾಡುವವನೂ ಆಗಬಲ್ಲನೆಂಬುದಕ್ಕೆ ಅದು ಸಾಕ್ಷಿಯಾಗಿದೆ.

1937ರಲ್ಲಿ ವಿದೇಶೀ ಕಂಪನಿಗಳನ್ನು ಎದುರಿಸಿ ನಿಂತ ರೈತನು ಆಮೇಲೆ ತನ್ನ ಮಂಡಲಿಯ ಲೆಕ್ಕವನ್ನು ಕೇಳುವ ಅಧಿಕಾರವನ್ನು ಪಡೆಯಲಿಲ್ಲ. ಘಾನಾದ ದುರಂತದ ಮೂಲವು ಇಲ್ಲಿರುವುದೆಂದು ನಮ್ಮ ಅಭಿಪ್ರಾಯ. ಪರಕೀಯರು ಹಿಡಿದಿಟ್ಟ ಹಣವನ್ನು ಸ್ವಕೀಯರು ಹಿಡಿದಿಟ್ಟ ಮಾತ್ರಕ್ಕೆ ಅದು ಸ್ವರಾಜ್ಯವೆನಿಸದು. ಯೋಜನೆಯು ಎಷ್ಟೇ ಭವ್ಯವಾಗಿರಲಿ, ಅದರ ವೆಚ್ಚವನ್ನು ತೆರುವ ರೈತನಿಗೆ ಬೆಲೆಯನ್ನು ಗೊತ್ತುಮಾಡುವ ಸಭೆಯಲ್ಲಿ ಸ್ಥಾನವಿರಬೇಕು. ತೆತ್ತ ಹಣದಲ್ಲಿ ಒಂದು ಪಾಲು ಅವನ ಹೊಲಕ್ಕೆ ಹಿಂದಿರುಗಬೇಕು. ಈ ಎರಡನ್ನೂ ಮರೆತ ಸಿದ್ಧಾಂತವು ಎಡದ್ದಾಗಲಿ ಬಲದ್ದಾಗಲಿ, ಬಡದೇಶಕ್ಕೆ ಹಿತವನ್ನು ಮಾಡಲಾರದು.