ಗೆದ್ದ ಮೇಲೆ ಕೇಳಿದ್ದೇನು?

ಮಧ್ಯಯುಗದ ಯೋಧನ ಬದುಕನ್ನು ಯಾವುದರಿಂದ ಅಳೆಯಬೇಕು? ಗೆದ್ದ ಕದನಗಳಿಂದ ಎಂಬುದು ರೂಢಿಯ ಉತ್ತರ. ಆದರೆ ಕದನದ ಕಥೆಯನ್ನು ಬರೆಸಿದವರು ಬಹುಮಟ್ಟಿಗೆ ಗೆದ್ದವರೇ. ಹಾಗಾಗಿ ಆ ಅಳತೆಯೊಂದನ್ನೇ ನೆಚ್ಚಿಕೊಳ್ಳಲಾಗದು. ಗೆದ್ದ ಮೇಲೆ ಅವನು ಕೇಳಿದ್ದೇನು, ಪಡೆದದ್ದನ್ನು ಯಾರಿಗೆ ಕೊಟ್ಟ ಎಂಬುದು ಅದಕ್ಕಿಂತ ಗಟ್ಟಿಯಾದ ಅಳತೆ. ಹೊಯ್ಸಳ ವಿಷ್ಣುವರ್ಧನನ ದಂಡನಾಯಕ ಗಂಗರಾಜನ ಬದುಕು ಇದನ್ನು ಚೆನ್ನಾಗಿ ತೋರಿಸುತ್ತದೆ.

ಚೋಳರ ಕೈಯಲ್ಲಿದ್ದ ತಲಕಾಡನ್ನು 1116ರ ಸುಮಾರಿಗೆ ಹೊಯ್ಸಳರಿಗೆ ಗೆದ್ದುಕೊಟ್ಟವನು ಗಂಗರಾಜ. ಚೋಳ ಸಾಮಂತ ಅದಿಯಮ ನಾಡನ್ನು ಬಿಟ್ಟುಕೊಡಲು ಒಪ್ಪದೆ ಕಾದಾಡಿ ಸೋತ. ಮುಂದೆ ಚಾಲುಕ್ಯ ಚಕ್ರವರ್ತಿ ಆರನೆಯ ವಿಕ್ರಮಾದಿತ್ಯನ ಸೈನ್ಯ ಹನ್ನೆರಡು ಸಾಮಂತರೊಡನೆ ಕಣ್ಣೇಗಾಲದಲ್ಲಿ ಬೀಡುಬಿಟ್ಟಾಗ, ಗಂಗರಾಜ ರಾತ್ರೋರಾತ್ರಿ ಮೇಲೆಬಿದ್ದು ಅದನ್ನು ಚದುರಿಸಿದ. ಪಾಳೆಯದ ಸರಕನ್ನೂ ವಾಹನಗಳನ್ನೂ ತಂದು ಒಡೆಯನಿಗೆ ಒಪ್ಪಿಸಿದ. ಮೆಚ್ಚಿದೆ, ಬೇಡು ಎಂದ ಅರಸನಿಂದ ಪಡೆದದ್ದು ಪರಮ ಎಂಬ ಊರನ್ನು. 1118ರಲ್ಲಿ ಅದನ್ನು ತಾಯಿ ಪೋಚಲದೇವಿ ಮತ್ತು ಹೆಂಡತಿ ಲಕ್ಷ್ಮೀದೇವಿ ಕಟ್ಟಿಸಿದ ಬಸದಿಗಳಿಗೆ ಬಿಟ್ಟುಕೊಟ್ಟ. ಶ್ರವಣಬೆಳಗೊಳದ ಗೊಮ್ಮಟನ ಸುತ್ತಾಲಯವೂ ಅವನು ಮಾಡಿಸಿದ್ದೇ. ಮೂರ್ತಿಯ ಪಾದದ ಬಳಿಯ ಬರಹ ಅದನ್ನು ಇಂದಿಗೂ ಹೇಳುತ್ತದೆ.

ಇದೂ ಹೊಗಳಿಕೆಯೇ ಅಲ್ಲವೇ, ಮನೆಯವರ ಬಸದಿಗೆ ಕೊಟ್ಟದ್ದು ಮನೆತನದ ಹೆಸರಿಗಾಗಿಯೇ ಅಲ್ಲವೇ ಎಂದು ಕೇಳಬಹುದು. ಹೆಸರಿನ ಆಸೆ ಇರಲಿಲ್ಲ ಎಂದು ಯಾರೂ ಹೇಳಲಾರರು. ಇಂಗ್ಲೆಂಡಿನಲ್ಲೂ 1219ರಲ್ಲಿ ತೀರಿಕೊಂಡ ವಿಲಿಯಂ ಮಾರ್ಷಲ್ ಎಂಬ ನೈಟನ ಕಥೆಯನ್ನು ದೀರ್ಘ ಕಾವ್ಯವಾಗಿ ಬರೆಸಿದವನು ಅವನ ಮಗನೇ. ಇಲ್ಲಿ ಗಂಗರಾಜನ ಮಗ ಬೊಪ್ಪ ತಂದೆಯ ನೆನಪಿಗೆ 1133ರಲ್ಲಿ ದೋರಸಮುದ್ರದಲ್ಲಿ ಬಸದಿ ಕಟ್ಟಿಸಿದ. ಆದರೆ ಹೊಗಳಿಕೆಗೂ ದತ್ತಿಗೂ ಒಂದು ವ್ಯತ್ಯಾಸವಿದೆ. ರಣರಂಗದಲ್ಲಿ ಬಿದ್ದ ತಲೆಗಳನ್ನು ಹತ್ತುಪಟ್ಟು ಹೆಚ್ಚಿಸಿ ಹೇಳಿದರೆ ಎಣಿಸುವವರಿಲ್ಲ. ಊರನ್ನು ದತ್ತಿ ಬಿಟ್ಟದ್ದು ಹಾಗಲ್ಲ. ಆ ಊರಿನ ಹುಟ್ಟುವಳಿ ಯಾರಿಗೆ ಸಲ್ಲಬೇಕು ಎಂಬುದು ಒಕ್ಕಲಿಗೂ ಅಧಿಕಾರಿಗೂ ದಿನನಿತ್ಯದ ವಿಷಯ. ಅಲ್ಲಿ ಸುಳ್ಳು ಬಹುಕಾಲ ನಿಲ್ಲದು.

ಎರಡನೆಯ ಆಕ್ಷೇಪ ಇನ್ನೂ ತೀಕ್ಷ್ಣವಾದದ್ದು. ಕೊಟ್ಟ ಊರು ರೈತರ ಬೆವರು, ಗೆದ್ದ ಗೆಲುವು ಹೆಸರಿಲ್ಲದ ಸೈನಿಕರ ರಕ್ತ. ಒಬ್ಬನ ದಾನವನ್ನು ಕೊಂಡಾಡುವುದು ನ್ಯಾಯವೇ? ಈ ಮಾತು ನಿಜ, ನನ್ನ ಅಳತೆಗೆ ಬಲ ಕೊಡುವುದೂ ಇದೇ. ತುರುಗಳನ್ನು ಬಿಡಿಸಿಕೊಳ್ಳಲು ಹೋಗಿ ಮಡಿದವರ ವೀರಗಲ್ಲುಗಳು ಕನ್ನಡ ನಾಡಿನ ಎಷ್ಟೋ ಊರುಗಳಲ್ಲಿವೆ. ಅವರು ರಾಜ್ಯ ಗೆಲ್ಲಲಿಲ್ಲ, ವರ ಬೇಡಲು ಬದುಕಿಯೂ ಉಳಿಯಲಿಲ್ಲ. ಕದನಗಳನ್ನು ಎಣಿಸಿದರೆ ಅವರು ಲೆಕ್ಕಕ್ಕೇ ಸಿಗುವುದಿಲ್ಲ. ಯಾರಿಗಾಗಿ ಎಂದು ಕೇಳಿದರೆ ದಂಡನಾಯಕನ ಸಾಲಿನಲ್ಲೇ ನಿಲ್ಲುತ್ತಾರೆ.

ನಮ್ಮ ಪಠ್ಯಗಳು ಯುದ್ಧಗಳನ್ನು ಒಂದು ಅಧ್ಯಾಯದಲ್ಲೂ ಗುಡಿಗಳನ್ನು ಇನ್ನೊಂದರಲ್ಲೂ ಇಡುತ್ತವೆ. ಹಾಸನದ ಬಳಿಯ ಮೊಸಳೆ ಎಂಬ ಊರಿಗೆ ಬಂದವರು ನಾಗೇಶ್ವರ, ಚೆನ್ನಕೇಶವರ ಜೋಡಿ ಗುಡಿಗಳ ಶಿಲ್ಪವನ್ನು ಮೆಚ್ಚಿ ಮರಳುತ್ತಾರೆ. ಅಂಥ ಕಟ್ಟಡಗಳ ಕಾಲದ ದಂಡಯಾತ್ರೆಗಳು ನೆನಪಿಗೆ ಬರುವುದಿಲ್ಲ. ತಲಕಾಡಿನ ಗೆಲುವನ್ನು ಕಲಿಸುವ ಪುಟದಲ್ಲೇ ದತ್ತಿಯನ್ನೂ, ಅದರ ಪಕ್ಕದಲ್ಲೇ ವೀರಗಲ್ಲನ್ನೂ ಕಲಿಸಬೇಕು. ಆಗ ಮಕ್ಕಳು ಯಾರು ಗೆದ್ದರು ಎಂಬಲ್ಲಿಗೇ ನಿಲ್ಲದೆ, ಆ ಗೆಲುವು ಯಾರಿಗೆ ಸಂದಿತು, ಅದರ ಬೆಲೆ ತೆತ್ತವರು ಯಾರು ಎಂದೂ ಕೇಳುತ್ತಾರೆ.