ಕೇಶರಂಜನದಲ್ಲಿ ವಿರುದ್ಧಯೋಗ

ತುಪ್ಪವೂ ಜೇನೂ ಸಮಪ್ರಮಾಣದಲ್ಲಿ ಕೂಡಿದರೆ ವಿರುದ್ಧವೆಂದು ಆಯುರ್ವೇದವು ಹೇಳುವುದಷ್ಟೆ. ಕೇಶರಂಜನದಲ್ಲಿಯೂ ಅಂತಹ ವಿರುದ್ಧಯೋಗವುಂಟು. ನಮ್ಮ ತಂಗಿಯು ಮಗಳ ಮದುವೆಗೆ ವಾರವಿರುವಾಗ ಸೆಲೂನಿನಲ್ಲಿ ಬಣ್ಣ ಹಾಕಿಸಿಕೊಂಡಳು. ಮೊದಲೇ ಅಂಗಡಿಯ ಗೋರಂಟಿಪುಡಿಯನ್ನು ಹಚ್ಚಿದ್ದುದನ್ನು ನಾಚಿಕೆಯಿಂದ ಹೇಳಲಿಲ್ಲ. ಕೂದಲು ಹಿಡಿಹಿಡಿಯಾಗಿ ತುಂಡಾಯಿತು; ಮದುವೆಯ ಮನೆಯಲ್ಲಿ ಆಕೆಯ ಕಣ್ಣೀರನ್ನು ನಾವು ಕಂಡೆವು.

ಇದರಲ್ಲಿ ಶುದ್ಧ ಗೋರಂಟಿಯ ದೋಷವಿಲ್ಲ. ಕೆಲವು ಪುಡಿಗಳಲ್ಲಿ ಸೀಸ, ಬೆಳ್ಳಿ, ತಾಮ್ರಗಳ ಲವಣಗಳು ಬೆರೆತಿರುವುವು. ಸೆಲೂನಿನ ಶಾಶ್ವತ ಬಣ್ಣದಲ್ಲಿರುವ ಹೈಡ್ರೊಜನ್ ಪೆರಾಕ್ಸೈಡು ಅವುಗಳೊಡನೆ ಸೇರಿದರೆ ಶಾಖವು ಹುಟ್ಟಿ ಕೂದಲು ಕಡಿದುಹೋಗಬಹುದು. ಆದುದರಿಂದ ಸೋದರಿಯರು ಬಾಚಣಿಗೆಯಲ್ಲಿ ಉಳಿದ ಎಳೆಗಳ ಮೇಲೆ ಮೊದಲು ಬಣ್ಣವನ್ನು ಪರೀಕ್ಷಿಸತಕ್ಕದ್ದು. ಚರ್ಮಪರೀಕ್ಷೆಯನ್ನು 48 ಗಂಟೆಗಳ ಮುಂಚೆಯೇ ಮಾಡತಕ್ಕದ್ದು. ನರೆಯನ್ನು ಮುಚ್ಚಿಕೊಳ್ಳಲಿ; ಹಿಂದಿನ ಲೇಪವನ್ನು ಮಾತ್ರ ಮುಚ್ಚಿಡದಿರಲಿ.