ಕಾನೂನು ಕಿವಿಮಾತು: ಮುರಿದ ಕೈಗೂ ಸಾಕ್ಷಿ ಬೇಕು

ಅರಸೀಕೆರೆಯ ಸೋದರಿಯೊಬ್ಬರು ಕಾಗದ ಬರೆದಿದ್ದಾರೆ. ಯಜಮಾನರ ಸ್ಕೂಟರಿನ ಹಿಂದೆ ಕೂತು ಹೋಗುವಾಗ ಲಾರಿ ಬಡಿದು ಬಲಗೈ ಮುರಿಯಿತಂತೆ. ರಾಡ್ ಹಾಕಿದ್ದಾರೆ, ಆದರೂ ಕೈ ಮೊದಲಿನ ಹಾಗೆ ಮಡಚೋದಿಲ್ಲ. "ನಾನೇನು ನೌಕರಿಗೆ ಹೋಗುವವಳಲ್ಲ. ಪರಿಹಾರ ಕೇಳಿದರೆ ಕೊಡ್ತಾರಾ?" ಎಂಬುದು ಅವರ ಪ್ರಶ್ನೆ.

ಧಾರಾಳವಾಗಿ ಕೇಳಿ. ಸಂಬಳವಿಲ್ಲ ಎಂದ ಮಾತ್ರಕ್ಕೆ ನಿಮ್ಮ ದುಡಿಮೆಗೆ ಬೆಲೆಯಿಲ್ಲ ಅಂತಲ್ಲ. ಜನಗಣತಿಯವರು ಗೃಹಿಣಿಯರನ್ನು ಭಿಕ್ಷುಕರು, ಕೈದಿಗಳ ಜೊತೆ ದುಡಿಯದವರ ಸಾಲಿಗೆ ಸೇರಿಸಿದ್ದನ್ನು ಸುಪ್ರೀಂ ಕೋರ್ಟು 2010ರ ಒಂದು ತೀರ್ಪಿನಲ್ಲಿ ಆಕ್ಷೇಪಿಸಿತು. (ಬೆಳಿಗ್ಗೆ ಐದಕ್ಕೆ ಏಳುವ ನಮಗೆ ಎಂಥ ಜೊತೆ ನೋಡಿ!) ಗೃಹಿಣಿಗೂ ಅಂದಾಜು ಆದಾಯ ಹಿಡಿಯಬೇಕೆಂದು 2021ರಲ್ಲಿ ಮತ್ತೆ ಹೇಳಿತು. ಅವು ಸಾವಿನ ಪ್ರಕರಣಗಳು ನಿಜ, ಆದರೆ ಗಾಯಕ್ಕೂ ಅದೇ ನ್ಯಾಯ.

ಆದರೆ ಬಾಯಿಮಾತು ಸಾಲದು, ರುಜುವಾತು ಬೇಕು. ಮೊದಲನೆಯದಾಗಿ, ಗಾಯ ಆ ಲಾರಿಯಿಂದಲೇ ಆದದ್ದು ಎಂದು ತೋರಿಸಬೇಕು. ಪೊಲೀಸ್ ದೂರಿನ ಪ್ರತಿ, ಸ್ಥಳ ಮಹಜರು, ಆಸ್ಪತ್ರೆಯ ಗಾಯದ ಪ್ರಮಾಣಪತ್ರ ಇವೆಲ್ಲ ಬೇಕು. ನಮ್ಮವರು ಎಡವುವುದು ಇಲ್ಲೇ. ಪೊಲೀಸು, ಠಾಣೆ ಯಾಕೆ ಬೇಕು ಅಂತ ಆಸ್ಪತ್ರೆಯಲ್ಲಿ "ಬಚ್ಚಲಲ್ಲಿ ಜಾರಿ ಬಿದ್ದೆ" ಎಂದು ಬರೆಸಿಬಿಡುತ್ತಾರೆ. ಮುಂದೆ ವಿಮಾ ಕಂಪನಿಯ ವಕೀಲರು ಅದೇ ಹಾಳೆಯನ್ನು ಎತ್ತಿ ಹಿಡಿಯುತ್ತಾರೆ. ಸೇರಿಸುವ ಹೊತ್ತಿಗೇ "ರಸ್ತೆ ಅಪಘಾತ" ಎಂದು ಹೇಳಿ, ವಾಹನದ ನಂಬರು ಗೊತ್ತಿದ್ದರೆ ಬರೆಸಿ. ದೂರು ಕೊಡಲು ತಡವಾಗಿದ್ದರೆ ಯಾಕೆ ತಡವಾಯಿತೆಂದು ದೂರಿನಲ್ಲೇ ಕಾಣಿಸಿ.

ಎರಡನೆಯದು, ಕೈಯಿಂದ ಏನು ಹೋಯಿತು ಎನ್ನುವುದು. ಔಷಧಿ ಬಿಲ್ಲಿನ ಜೊತೆ ಡಾಕ್ಟರ ಚೀಟಿಯನ್ನೂ ಇಡಿ, ಬರೀ ಬಿಲ್ಲು ಕೊಟ್ಟರೆ ಯಾರ ಔಷಧಿ ಅಂತ ಕೇಳ್ತಾರೆ. ಎಕ್ಸ್‌ರೇಗಳನ್ನು ಹಾಸಿಗೆ ಕೆಳಗೆ ಮಡಚಿ ಇಡಬೇಡಿ. ಕೆಲಸದವಳನ್ನು ಇಟ್ಟುಕೊಂಡಿದ್ದರೆ ಕೊಟ್ಟ ಹಣಕ್ಕೆ ತಾರೀಖು ಹಾಕಿ ಸಹಿ ತೆಗೆದುಕೊಳ್ಳಿ. ಹಪ್ಪಳ, ಹೊಲಿಗೆಯಿಂದ ನಾಲ್ಕು ಕಾಸು ಬರುತ್ತಿದ್ದರೆ ಆ ಲೆಕ್ಕದ ಪುಸ್ತಕವೂ ಸಾಕ್ಷಿಯೇ.

ಊನದ ಪ್ರಮಾಣಪತ್ರವನ್ನು ಚಿಕಿತ್ಸೆ ಮಾಡಿದ ಡಾಕ್ಟರಿಂದಲೇ ಪಡೆಯುವುದು ಒಳ್ಳೆಯದು. ಅವರು ಬಂದು ಸಾಕ್ಷಿ ಹೇಳಿದರೇ ಅದಕ್ಕೆ ತೂಕ. ಕೈಗೆ ಶೇಕಡಾ 30 ಊನ ಎಂದರೆ ಇಡೀ ದೇಹಕ್ಕೂ ಅಷ್ಟೇ ಅಂತ ಆಗೋದಿಲ್ಲ. ಆ ಊನದಿಂದ ನಿಮ್ಮ ಕೆಲಸಕ್ಕೆ ಎಷ್ಟು ಅಡ್ಡಿಯಾಯಿತು ಎಂಬುದೇ ಮುಖ್ಯ ಎಂದು 2010ರಲ್ಲೇ ರಾಜ್‌ಕುಮಾರ್ ಮೊಕದ್ದಮೆಯಲ್ಲಿ ತೀರ್ಮಾನವಾಗಿದೆ. ಆದ್ದರಿಂದ "ತುಂಬಾ ಕಷ್ಟ ಸ್ವಾಮಿ" ಅನ್ನಬೇಡಿ. ಮುದ್ದೆ ತಿರುವಲು ಆಗದು, ಬಿಂದಿಗೆ ಎತ್ತಲಾಗದು, ಮಗಳಿಗೆ ಜಡೆ ಹೆಣೆಯಲಾಗದು ಎಂದು ಬಿಡಿಸಿ ಹೇಳಿ. ಇದ್ದದ್ದನ್ನು ಮಾತ್ರ ಹೇಳಿ, ಪಾಟೀ ಸವಾಲಿನಲ್ಲಿ ಸುಳ್ಳು ನಿಲ್ಲದು.

ಅಪಘಾತ ಎಲ್ಲೇ ಆಗಿರಲಿ, ನೀವು ವಾಸವಿರುವ ಕಡೆಯ ನ್ಯಾಯಮಂಡಳಿಯಲ್ಲೂ ಅರ್ಜಿ ಹಾಕಬಹುದು. 2022ರ ಏಪ್ರಿಲಿನಿಂದ ಕಾನೂನಿನಲ್ಲಿ ಆರು ತಿಂಗಳ ಗಡುವು ಬಂದಿದೆ, ಅದರೊಳಗೇ ಹಾಕಿಬಿಡಿ. ವಕೀಲರ ಫೀಜಿಗೆ ಹೆದರಬೇಡಿ. ಆದಾಯ ಎಷ್ಟೇ ಇರಲಿ, ಹೆಂಗಸರಿಗೆ ಉಚಿತ ಕಾನೂನು ನೆರವಿನ ಹಕ್ಕಿದೆ. ತಾಲ್ಲೂಕು ಕೋರ್ಟಿನಲ್ಲಿರುವ ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಿ, ಇಲ್ಲವೇ 15100ಕ್ಕೆ ಫೋನು ಮಾಡಿ. ಅಷ್ಟರಲ್ಲಿ ಲಾರಿಯವರ ಕಡೆಯಿಂದ ಯಾರಾದರೂ ರಾಜಿಗೆಂದು ಬಂದರೆ ಖಾಲಿ ಕಾಗದಕ್ಕೆ ಮಾತ್ರ ರುಜು ಹಾಕಬೇಡಿ.